ಖಾಲಿ ಕುರ್ಚಿಯ ಆಕ್ಷೇಪಣೆ

ಅವನಿಗೆ ಒಂದು ಒಳ್ಳೆಯ ಹೆಸರಿತ್ತು. ಆದರೆ ಕಂಡದ್ದಕ್ಕೆಲ್ಲ ‘ಯಾಕೆ’ ಎನ್ನುವ ಚಾಳಿಯಿಂದ ಮನೆಯವರಿಗೂ ಹೊರಗಿನವರಿಗೂ ಅವನು ಯಾಕೆರಾಯನೇ ಆಗಿಹೋಗಿದ್ದ. ಶಾಲೆಯಲ್ಲಿ ಅದೇ ಚಾಳಿಗೆ ಒದೆ ತಿಂದು, ಮೀಸೆ ಚಿಗುರುವ ಮೊದಲೇ ಚೀಲ ಬಿಸಾಕಿ ಬಂದಿದ್ದ. ಈಗ ಎರಡು ಮಕ್ಕಳ ತಂದೆ. ದೊಡ್ಡ ಸಭಾಭವನದಲ್ಲಿ ಮೇಜು ಒರೆಸಿ, ನೀರಿನ ಲೋಟ ಇಟ್ಟು, ದೇಶಗಳ ಹೆಸರಿನ ಬೋರ್ಡುಗಳನ್ನು ಸಾಲಾಗಿ ಜೋಡಿಸುವ ಕೆಲಸ. ಕೊಡಿಸಿದವನು ಅಕ್ಕನ ಗಂಡ. ಭಾವ ಅದೇ ಭವನದಲ್ಲಿ, ಮೇಲಿನ ಗಾಜಿನ ಗೂಡಿನೊಳಗೆ ಕೂತು ಮೈಕುಗಳನ್ನು ಹಾಕಿ ಆರಿಸುತ್ತಿದ್ದ.

“ಬಾಯಿಗೆ ಬೀಗ ಹಾಕ್ಕೊಂಡು ಕೆಲಸ ಮಾಡು ಮಾರಾಯ,” ಎಂದು ಮೊದಲ ದಿನವೇ ಕೈ ಮುಗಿದಿದ್ದ.

“ಯಾಕೆ ಭಾವ?”

“ನೋಡು, ಶುರುವಾಯ್ತು!”

ಆ ವಾರ ನೆರೆದದ್ದು ಸಮುದ್ರವನ್ನು ಕಾಯುವ ಸಭೆ. ಪ್ರಪಂಚದ ದೇಶಗಳೆಲ್ಲ ಬಂದು, ಕೋಟು ಕೊಡವಿಕೊಂಡು, ಹೊಸ ಕಾನೂನಿನ ಒಂದೊಂದು ಸಾಲನ್ನೂ ಜಗ್ಗಾಡುತ್ತಿದ್ದವು. ಗೋಡೆಯಗಲದ ಪರದೆಯ ಮೇಲೆ ಸಾಲು ಮೂಡುತ್ತಿತ್ತು. ಅದರ ಸುತ್ತ ಚೌಕ ಬ್ರಾಕೆಟ್ಟು ಇದ್ದರೆ ಜಗಳ ಇನ್ನೂ ಮುಗಿದಿಲ್ಲ ಎಂದರ್ಥ. ಅಧ್ಯಕ್ಷರು “ಆಕ್ಷೇಪಣೆ ಇದೆಯೇ?” ಎಂದು ಕೇಳುತ್ತಾರೆ. ಇದ್ದವರು ಮಲಗಿಸಿಟ್ಟ ತಮ್ಮ ಬೋರ್ಡನ್ನು ನೆಟ್ಟಗೆ ನಿಲ್ಲಿಸಬೇಕು. ಯಾರೂ ನಿಲ್ಲಿಸದಿದ್ದರೆ ಮರದ ಸುತ್ತಿಗೆ ಟಕ್ಕೆನ್ನುತ್ತದೆ, ಬ್ರಾಕೆಟ್ಟು ಮಾಯವಾಗುತ್ತದೆ, ಆ ಸಾಲು ಎಲ್ಲರ ತಲೆಯ ಮೇಲೂ ಕಾನೂನಾಗಿ ಕೂರುತ್ತದೆ.

“ಕೈ ಎತ್ತಿಸಿ ಎಣಿಸಲ್ವಾ ಭಾವ?”

“ಎಲ್ಲರೂ ಸುಮ್ಮನಿದ್ರೆ ಎಲ್ಲರೂ ಒಪ್ಪಿದ ಹಾಗೆ.”

“ಮತ್ತೆ ಬರದೇ ಇರೋರು?”

“ಅವರು ಇನ್ನೂ ಸುಮ್ಮನಿರ್ತಾರಲ್ಲ!”

ಯಾಕೆರಾಯನಿಗೆ ನಗು ಬರಲಿಲ್ಲ. ಯಾಕೆಂದರೆ ಹಿಂದಿನ ಸಾಲಿನ ಆ ಹೆಂಗಸನ್ನು ಅವನು ಮೂರು ದಿನದಿಂದ ನೋಡುತ್ತಿದ್ದ. ಎಲ್ಲೋ ದೂರದ ಪುಟ್ಟ ದ್ವೀಪದಿಂದ ಬಂದವಳು. ದೊಡ್ಡ ದೇಶಗಳ ಹಿಂದೆ ದಿಬ್ಬಣದಷ್ಟು ಜನ, ಇವಳು ಒಂಟಿ. ಈ ಕೋಣೆಯಲ್ಲಿ ಅರ್ಧ ಗಂಟೆ ಕೂತು, ಕಾಗದ ಬಾಚಿಕೊಂಡು, ಪಕ್ಕದ ಕೋಣೆಗೆ ಓಡುತ್ತಿದ್ದಳು. ಮತ್ತೆ ಏದುಸಿರು ಬಿಡುತ್ತ ವಾಪಸ್ಸು. ಅವನು ಅವಳನ್ನು ದ್ವೀಪದಮ್ಮ ಎಂದುಕೊಂಡಿದ್ದ.

ಆ ದಿನ ಬೆಳಿಗ್ಗೆ ಲೋಟ ತುಂಬಿಸುವಾಗ ತಡೆಯಲಾಗಲಿಲ್ಲ. “ಯಾಕಮ್ಮಾ ಹಿಂಗೆ ಓಡ್ತೀರಾ?”

“ಎರಡು ಕೋಣೆ, ಒಬ್ಬಳು ನಾನು,” ಎಂದಳು. ಪರದೆಯ ಕಡೆ ಬೆರಳು ಮಾಡಿದಳು. “ಸಮುದ್ರದ ತಳ ಅಗೆಯೋರು ಅಕ್ಕಪಕ್ಕದ ದ್ವೀಪದವರ ಒಪ್ಪಿಗೆ ಕೇಳಬೇಕಾಗಿಲ್ಲ ಅಂತ ಒಂದು ಸಾಲಿದೆ. ಅದಕ್ಕೆ ಬ್ರಾಕೆಟ್ಟು ಹಾಕಿಸಿದ್ದು ನಾನು. ತಳ ಕದಡಿದ್ರೆ ನಮ್ಮ ಕಡೆ ಮೀನು ಇರೋದಿಲ್ಲ. ನನ್ನ ತಮ್ಮನಿಗೆ ದೋಣಿ ಬಿಟ್ಟು ಬೇರೆ ಏನೂ ಬರಲ್ಲ.”

“ಹಾಗಾದ್ರೆ ಇಲ್ಲೇ ಕೂತ್ಕೊಳ್ಳಿ. ಆ ಕೋಣೆ ಹಾಳಾಗಿ ಹೋಗಲಿ.”

“ಕಾನೂನು ಮುರಿದೋರನ್ನ ಯಾರು ಹಿಡೀಬೇಕು ಅನ್ನೋದು ಆ ಕೋಣೇಲಿ ತೀರ್ಮಾನ. ಅದಿಲ್ದೆ ಇದಕ್ಕೆ ಹಲ್ಲಿಲ್ಲ. ನನ್ನ ಸಾಲು ಊಟ ಆದ ಮೇಲೆ ಬರುತ್ತೆ ಬಿಡಪ್ಪ.”

ಒಂದು ಸಮುದ್ರ, ಎರಡು ಕೋಣೆ, ಒಬ್ಬ ಹೆಂಗಸು. ಇಂಥ ಲೆಕ್ಕ ಹಾಕಿದ ಬುದ್ಧಿವಂತ ಯಾರು? ಯಾಕೆರಾಯನ ಕಿವಿ ಬಿಸಿಯಾಯಿತು. “ಅದಕ್ಕಿಂತ ಬೇಗ ಬಂದ್ರೆ ನಾನೇ ಓಡಿಬಂದು ಕರೀತೀನಿ,” ಎಂದ.

ಅವಳು ಪಕ್ಕದ ಕೋಣೆಗೆ ಓಡಿದ ಮೇಲೆ ಸಾಲು ಬೇಗವೇ ಬಂತು. ಮುಂದಿನ ಸಾಲಿನ ದೊಡ್ಡ ದೇಶದವನೊಬ್ಬ, ಸಣ್ಣಪುಟ್ಟದ್ದನ್ನೆಲ್ಲ ಊಟದ ಮೊದಲೇ ಮುಗಿಸೋಣ ಎಂದ. ಅಧ್ಯಕ್ಷರು ತಲೆಯಾಡಿಸಿದರು. ಪರದೆ ಸರ್ರನೆ ಜಾರಿ ಅವಳ ಸಾಲಿನ ಮೇಲೆ ನಿಂತಿತು.

ಯಾಕೆರಾಯ ಒರೆಸುವ ಬಟ್ಟೆಯನ್ನು ಹೆಗಲಿಗೆಸೆದು ಓಡಿದ. ಪಕ್ಕದ ಕೋಣೆಯ ಬಾಗಿಲಲ್ಲಿ ಕಾವಲುಗಾರ ಅಡ್ಡ ನಿಂತ.

“ನಿನ್ನ ಬ್ಯಾಡ್ಜ್ ನೀಲಿ. ಒಳಗೆ ಹಸಿರಿನವರಿಗೆ ಮಾತ್ರ.”

“ಆ ದ್ವೀಪದ ಅಮ್ಮನಿಗೆ ಒಂದು ಮಾತು ಹೇಳಿ ಬರ್ತೀನಣ್ಣ.”

“ಇಲ್ಲಿ ಎಲ್ಲರೂ ಒಂದು ಮಾತು ಹೇಳೋಕೇ ಬಂದಿರೋದು. ಅಲ್ನೋಡು, ಆಯಮ್ಮನ ಸರದಿ ನಡೀತಿದೆ. ಮುಗಿದ್ಮೇಲೆ ನೀನು ಕರೆದೆ ಅಂತ ಹೇಳ್ತೀನಿ, ಹೋಗು.”

ಗಾಜಿನಾಚೆ ಅವಳು ಮೈಕಿನ ಮುಂದೆ ಬಾಗಿ ಮಾತಾಡುತ್ತಿದ್ದಳು. ಅವನು ಬಂದ ದಾರಿಗೇ ಓಡಿದ. ಅಧ್ಯಕ್ಷರ ಕೈ ಆಗಲೇ ಸುತ್ತಿಗೆಯ ಮೇಲಿತ್ತು.

“ಆಕ್ಷೇಪಣೆ ಇದೆಯೇ?”

ಇಷ್ಟು ಜನ ಸೇರಿ ಇಷ್ಟು ಸುಮ್ಮನಿರುವುದನ್ನು ಯಾಕೆರಾಯ ಹುಟ್ಟಿದಾಗಿನಿಂದ ಕಂಡಿರಲಿಲ್ಲ. ಅವನು ಹೂಜಿ ಹಿಡಿದು ಅವಳ ಮೇಜಿಗೆ ಹೋದ. ತುಂಬಿದ್ದ ಲೋಟಕ್ಕೇ ಮತ್ತೆ ನೀರು ಸುರಿದ. ಇನ್ನೊಂದು ಕೈಯಿಂದ ಅವಳ ಬೋರ್ಡನ್ನು ಎತ್ತಿ ನೆಟ್ಟಗೆ ನಿಲ್ಲಿಸಿದ.

ಅಧ್ಯಕ್ಷರು ಕನ್ನಡಕ ಸರಿಮಾಡಿಕೊಂಡು ಆ ದ್ವೀಪದ ಹೆಸರು ಕರೆದರು. ನೂರಾರು ತಲೆಗಳು ತಿರುಗಿದವು. ಖಾಲಿ ಕುರ್ಚಿ, ಪಕ್ಕದಲ್ಲಿ ಹೂಜಿ ಹಿಡಿದವನು, ಮೇಜಿನಿಂದ ತೊಟ್ಟಿಕ್ಕುವ ನೀರು.

“ಮೇಜು ಒರೆಸುವವನು ಅದನ್ನು ನಿಲ್ಲಿಸಿದ್ದು ನಾನು ಕಣ್ಣಾರೆ ಕಂಡೆ!” ದೊಡ್ಡ ದೇಶದವನು ಕೂಗಿದ.

“ನಿಜವೇನಪ್ಪ?” ಎಂದರು ಅಧ್ಯಕ್ಷರು.

ಮೇಜಿನ ಮೈಕು ಕೆಂಪಗೆ ಹೊತ್ತಿಕೊಂಡಿತು. ಭಾವ! ಗಾಜಿನ ಗೂಡಿನಲ್ಲಿ ಎರಡೂ ಕೈಯಲ್ಲಿ ತಲೆ ಹಿಡಿದು ಕೂತಿದ್ದ. ಹೆಸರು ಕರೆದರೆ ಮೈಕು ಹಾಕುವುದು ಅವನ ಕೈಗೆ ಅಂಟಿದ ಅಭ್ಯಾಸ.

“ನಿಜ ಸಾರ್,” ಎಂದ ಯಾಕೆರಾಯ. ಅವನದೇ ದನಿ ಸೂರಿನಿಂದ ಉದುರಿದಂತೆ ಕೇಳಿ ಒಂದು ಕ್ಷಣ ಬೆಚ್ಚಿದ. “ಆಯಮ್ಮ ಪಕ್ಕದ ಕೋಣೇಲೇ ಇದ್ದಾರೆ. ಕರೆದ್ರೆ ಬರ್ತಾರೆ. ಯಾಕೆ ಯಾರೂ ಕರೀತಿಲ್ಲ?”

ಯಾರೋ ನಕ್ಕರು. ಯಾರೋ ಮೇಜು ಕುಟ್ಟಿದರು. ಅಧ್ಯಕ್ಷರು, ಈ ಮಾತು ಕಡತಕ್ಕೆ ಹೋಗುವುದಿಲ್ಲ, ಬೋರ್ಡು ಮಲಗಿಸಿ ಎಂದರು. ಆಗ ಎಡಗಡೆಯ ದೇಶವೊಂದು ಬೋರ್ಡು ನಿಲ್ಲಿಸಿತು. ಪ್ರತಿನಿಧಿಯಲ್ಲದವನು ನಿಲ್ಲಿಸಿದ ಬೋರ್ಡು, ನಿಂತ ಬೋರ್ಡು ಹೌದೋ ಅಲ್ಲವೋ? ನಿಯಮದಲ್ಲಿ ‘ಬೋರ್ಡು ನಿಂತಿರಬೇಕು’ ಎಂದಿದೆಯೇ ಹೊರತು ‘ಯಾರು ನಿಲ್ಲಿಸಬೇಕು’ ಎಂದಿಲ್ಲವಲ್ಲ? ಇನ್ನೊಂದು ದೇಶ ಅದನ್ನು ಖಂಡಿಸಿತು. ಮತ್ತೊಂದು, ಖಂಡಿಸಿದ ರೀತಿಯನ್ನು ಖಂಡಿಸಿತು. ಸಮುದ್ರದ ಬಗ್ಗೆ ಮೂಕರಂತೆ ಕೂತಿದ್ದವರಿಗೆಲ್ಲ ಹಲಗೆಯ ಬಗ್ಗೆ ನಾಲಿಗೆ ಬಂತು. ಯಾಕೆರಾಯ ಸಿಟ್ಟನ್ನೂ ಮರೆತು ಬಾಯಿ ತೆರೆದು ನೋಡಿದ. ಕಾಡಿನಂತೆ ಬೋರ್ಡುಗಳು ಎದ್ದಿದ್ದವು.

ಆ ಗದ್ದಲದ ನಡುವೆ ಬಾಗಿಲು ತೆರೆಯಿತು. ದ್ವೀಪದಮ್ಮ ಏದುಸಿರು ಬಿಡುತ್ತ ಬಂದು ಕುರ್ಚಿಯಲ್ಲಿ ಕುಸಿದಳು. ಪರದೆ ನೋಡಿದಳು, ನಿಂತಿದ್ದ ತನ್ನ ಬೋರ್ಡು ನೋಡಿದಳು. ಮೈಕಿಗೆ ಬಾಗಿದಳು.

“ನಮ್ಮ ದೇಶದ ಆಕ್ಷೇಪಣೆ ಇದೆ. ಬ್ರಾಕೆಟ್ಟು ತೆಗೆಯಬಾರದು.”

ಸುತ್ತಿಗೆ ಬೀಳಲಿಲ್ಲ.

ಮಧ್ಯಾಹ್ನ ಮೇಲ್ವಿಚಾರಕರು ಯಾಕೆರಾಯನ ಕುತ್ತಿಗೆಯಿಂದ ನೀಲಿ ಬ್ಯಾಡ್ಜ್ ಬಿಚ್ಚಿಕೊಂಡರು. ಪಕ್ಕದಲ್ಲಿದ್ದ ಭಾವ ನೆಲ ನೋಡುತ್ತ, “ನಿಮ್ಮಕ್ಕನಿಗೆ ನೀನೇ ಹೇಳ್ಕೋ, ನನ್ನನ್ನ ಎಳೀಬೇಡ,” ಎಂದ.

ಮೆಟ್ಟಿಲ ಬಳಿ ದ್ವೀಪದಮ್ಮ ನಿಂತುಕೊಂಡೇ ಬ್ರೆಡ್ಡು ತಿನ್ನುತ್ತಿದ್ದಳು. ಅವನ ಬರಿಯ ಕುತ್ತಿಗೆ ಕಂಡು ಅವಳ ಮುಖ ಸಣ್ಣದಾಯಿತು.

“ಅದಿರಲಿ, ಗೆದ್ರಾ ಅಮ್ಮಾ?” ಎಂದ.

“ಇಲ್ಲ. ಸೋಲಲೂ ಇಲ್ಲ. ಮುಂದಿನ ವರ್ಷ ಇದೇ ಸಾಲು, ಬೇರೆ ಊರಲ್ಲಿ.”

“ನನ್ನ ಬೋರ್ಡು ಲೆಕ್ಕಕ್ಕೆ ಬಂತೋ ಇಲ್ವೋ?”

“ಅದನ್ನ ತೀರ್ಮಾನಿಸೋಕೆ ಒಂದು ಸಮಿತಿ ಮಾಡಿದ್ದಾರೆ.”

ಯಾಕೆರಾಯ ಹೆಗಲ ಮೇಲಿದ್ದ ಬಟ್ಟೆ ತೆಗೆದು ಮಡಚಿದ. ಆಮೇಲೆ ಕೇಳಿದ:

“ಆ ಸಮಿತಿಗೆ ಮೇಜು ಒರೆಸಿ ಬೋರ್ಡು ಇಡೋರು ಯಾರು?”