ಫರ್ಮಾಯಿಶ್ ಕಾರ್ಡಿನಲ್ಲಿ ಬಿಟ್ಟುಹೋದ ಹೆಸರು

೧
ಎಲ್ಲಿಂದ ಶುರು ಮಾಡಲಿ? ರೇಡಿಯೋದಿಂದ ಶುರು ಮಾಡಿದರೆ ನನ್ನ ತಪ್ಪು ತಡವಾಗಿ ಬರುತ್ತದೆ. ಅದು ನನಗೆ ಅನುಕೂಲ. ಹಾಗಾಗಿ ರೇಡಿಯೋದಿಂದಲೇ.

೧೯೭೪, ನಾರಾಯಣಖೇಡದ ಮಧ್ಯಾಹ್ನ. ಫರ್ಮಾಯಿಶ್, ಅಂದರೆ ಕೋರಿಕೆ ಹಾಡುಗಳ ಹೊತ್ತಿಗೆ ಊರು ಅರ್ಧ ನಿದ್ದೆಯಲ್ಲಿ ತೇಲುತ್ತಿತ್ತು. ಹಾಡು ಬೇಕೆಂದು ಕಾರ್ಡು ಹಾಕಿದವರ ಹೆಸರುಗಳನ್ನು ರೇಡಿಯೋ ಓದುತ್ತಿತ್ತು. ಹಾಡಿಗಿಂತ ಹೆಸರಿಗೇ ನಮ್ಮ ಕಿವಿ. ಕಾರ್ಡು ಬರೆದುಕೊಡುತ್ತಿದ್ದವನು ನಾನು, ಕಾಶಿರಾಮ. ಬರೆದದ್ದಕ್ಕೆ ಕೂಲಿಯೆಂದು ಪ್ರತಿ ಕಾರ್ಡಿನಲ್ಲೂ ನನ್ನ ಹೆಸರು ಸೇರಿಸುವುದು ರೂಢಿ. (ರೂಢಿ ಮಾಡಿದವನೂ ನಾನೇ.)

೨
ಪಕ್ಕದ ಮನೆಯ ದ್ರೌಪದಿ ಬಂದಳು. ಗಂಡ ಜಗಳಾಡಿ ತಾಂಡೂರಿನ ಕಲ್ಲುಗಣಿಗೆ ಹೋಗಿ ಐದು ತಿಂಗಳು. ಒಂದು ಕಾಗದವಿಲ್ಲ.

"ಅಲ್ಲಿ ಹೋಟೆಲ್ದಾಗ ರೇಡಿಯೋ ಅದಂತ ಅಣ್ಣಾ. ನನ್ನ ಹೆಸರಿನ ಬಾಜೂಕ ಅವರ ಹೆಸರು ಬಂದ್ರ, ಕೇಳಿ ಬರ್ತಾರ."

"ಹೆಸರು ಹೇಳು."

"ನಾ ಹ್ಯಾಂಗ ಹೇಳಲಿ? ನಿಮಗ ಗೊತ್ತದಲ್ಲ, ನೀವೇ ಹಾಕ್ರಿ."

ಗಂಡನ ಹೆಸರು ಹೆಂಡತಿಯ ಬಾಯಲ್ಲಿ ಬರಬಾರದು. ಅದಕ್ಕೇ ಆಕೆಗೆ ರೇಡಿಯೋದ ಬಾಯಿ ಬೇಕಿತ್ತು.

೩
(ಇಲ್ಲಿ ಆಕೆ ಕೇಳಿದ ಹಾಡಿನ ವರ್ಣನೆ ಎರಡು ಪುಟ ಇತ್ತು. ಹರಿದುಹಾಕಿದೆ. ತಪ್ಪಿಸಿಕೊಳ್ಳುವ ಆಟ ಅದು.)

೩, ಮತ್ತೆ
ಹದಿನೈದು ದಿನದ ನಂತರ ರೇಡಿಯೋ ಬಲು ನಯವಾಗಿ ಓದಿತು: "ನಾರಾಯಣಖೇಡದಿಂದ ದ್ರೌಪದಿ, ಕಾಶಿರಾಮ ಮತ್ತು ಮನೆಯವರೆಲ್ಲರೂ."

ಅಷ್ಟೇ. ಕೈ ರೂಢಿಯಂತೆ ನನ್ನ ಹೆಸರು ಬರೆದಿತ್ತು. ಆಕೆಯ ಗಂಡನದನ್ನು ಆಮೇಲೆ ಹಾಕಿದರಾಯಿತೆಂದು ಮರೆತೆ. ತಾಂಡೂರಿನಲ್ಲಿ ಚಹಾ ಕುಡಿಯುತ್ತ ಆತ ತನ್ನ ಹೆಸರಿನ ಜಾಗದಲ್ಲಿ ನನ್ನದನ್ನು ಕೇಳಿದ್ದರೆ? ಇಷ್ಟು ವರ್ಷವಾದರೂ ನಾಚಿಕೆ ಹೋಗಿಲ್ಲ. ಆತನೂ ಬಂದಿಲ್ಲ.

೪
ಮುಕ್ತಾಯ ಒಂದು: ಆತ ಕೇಳಲೇ ಇಲ್ಲ, ಅಲ್ಲಿ ರೇಡಿಯೋದ ಸೆಲ್ಲು ಮುಗಿದಿತ್ತು. ಎರಡು: ಕೇಳಿದ, ಸಿಟ್ಟಿನಿಂದ ನನ್ನನ್ನು ಹೊಡೆಯಲು ಸಂಜೆ ಬಸ್ಸಿಗೇ ಬಂದ, ಆಕೆಗೆ ಬಂದದ್ದೇ ಸಾಕಾಯಿತು. (ಸಿನಿಮಾ ನೋಡಿ ಕೆಟ್ಟ ತಲೆ ಇದು.) ಮೂರು: ಕೇಳಿದ, ಲೋಟ ಕೆಳಗಿಟ್ಟು, ಬಸ್ ಸ್ಟ್ಯಾಂಡಿಗೆ ಬೆನ್ನು ಹಾಕಿ ನಡೆದ.

ದ್ರೌಪದಿ ನಾನು ಬರೆಯುತ್ತಿದ್ದ ಈ ಕಾಗದದೊಳಗಿಂದಲೇ ತಡೆದಳು. "ಮೂರೂ ಬ್ಯಾಡ್ರಿ. ಈ ಕಥೀದಾಗರ ಅವರ ಹೆಸರು ಹಾಕೀರೇನು?"

ಹುಡುಕಿದೆ. ಇಲ್ಲ. ನನ್ನ ಹೆಸರು ಮಾತ್ರ ಎರಡು ಸಲ ಇದೆ.

"ನೀನೇ ಹೇಳು ತಂಗಿ. ಇದು ಕಥಿ, ಯಾರೂ ಕೇಳಂಗಿಲ್ಲ."

"ಯಾರೂ ಕೇಳದಿದ್ರ ಹೇಳಿ ಏನು ಮಾಡ್ಲಿ?"

ಹಾಗಾಗಿ ನಾನು ಮುಗಿಸುವುದಿಲ್ಲ. ಓದುಗರೇ, ನೀವು ಎಲ್ಲಿ ಕೂತಿದ್ದೀರೋ, ಅಕ್ಕಪಕ್ಕ ಯಾರಿದ್ದಾರೋ ನನಗೆ ಗೊತ್ತಿಲ್ಲ. ಕೆಳಗಿನ ಒಂದು ಸಾಲನ್ನು ಮಾತ್ರ ಗಟ್ಟಿಯಾಗಿ ಓದಿ.

ನಾರಾಯಣಖೇಡದಿಂದ ದ್ರೌಪದಿ, ಬಕ್ಕಪ್ಪ.