ಗೊಣಗಮ್ಮನ ದನಿಯ ಹಕ್ಕು

ಒಪ್ಪಂದದಲ್ಲಿ ಆ ಕಂಪನಿಯವರು ಪುಟಪುಟಕ್ಕೂ 'ಅನನ್ಯ' ಎಂದು ಬರೆದಿದ್ದರು. ಹೊಗಳಿಕೆ ಯಾರಿಗೆ ಬೇಡ? ನನ್ನ ಗಂಡನ ಬಾಯಿಂದ ಒಂದು 'ಚೆನ್ನಾಗಿದೆ' ಹೊರಡಿಸುವುದರೊಳಗೆ ಸಾಕುಸಾಕಾಗುತ್ತದೆ. ಇಲ್ಲಿ ಯಾರೋ ಮುಖ ಪರಿಚಯವಿಲ್ಲದವರು ಅನನ್ಯ, ಅನನ್ಯ ಎನ್ನುತ್ತಿದ್ದಾರೆ. ಉಬ್ಬಿಹೋದೆ. ಆ ಉಬ್ಬಿನಲ್ಲೇ ಸಹಿ ಹಾಕಿ ಕಳಿಸಿಯೂಬಿಟ್ಟೆ.

ಹರಿದ ಬಟ್ಟೆ ಸರಿಮಾಡುವುದನ್ನು ವಿಡಿಯೊದಲ್ಲಿ ತೋರಿಸುವುದು ನನ್ನ ಕೆಲಸ. ಕೆಟ್ಟ ಜಿಪ್, ಬಿಟ್ಟುಕೊಂಡ ಹೊಲಿಗೆ, ಮೊಳೆಗೆ ಸಿಕ್ಕಿ ಹರಿದ ತೋಳು. ಕಾಣುವುದು ನನ್ನ ಎರಡು ಕೈ, ಕಿಟಕಿ ಪಕ್ಕದ ಮೇಜು, ಅಷ್ಟೇ. ಕೇಳುವುದು ಮಾತ್ರ ಅತ್ತೆಯ ದನಿ. ಬಾಳೆಲ್ಲ ಹೊಲಿಗೆ ಮಾಡಿ ಮಗನನ್ನು ಓದಿಸಿದವರು ಅವರು. ಈಗ ಕಣ್ಣು ಮಂಜಾಗಿ ಸೂಜಿಗೆ ದಾರ ಪೋಣಿಸಲಾರರು, ಆದರೆ ಕತ್ತರಿಯ ಸದ್ದಿನಲ್ಲೇ ನನ್ನ ತಪ್ಪು ಹಿಡಿಯುತ್ತಾರೆ. "ಅಯ್ಯೋ, ಅಷ್ಟು ಜಗ್ಗಬೇಡ್ವೇ! ಅದು ಬಟ್ಟೆ, ಹಗ್ಗ ಅಲ್ಲ!"

ಮೊದಮೊದಲು ಆ ದನಿಯನ್ನು ವಿಡಿಯೊದಿಂದ ತೆಗೆದುಹಾಕುತ್ತಿದ್ದೆ. ಒಂದು ಸಲ ಮರೆತೆ. ನೋಡುಗರು ಮುಗಿಬಿದ್ದರು. 'ಗೊಣಗಮ್ಮ' ಎಂದು ಹೆಸರಿಟ್ಟವರೂ ಅವರೇ. ಅಂದಿನಿಂದ ಅತ್ತೆ ವಿಡಿಯೊ ಮಾಡುವ ದಿನ ಬೆಳಗ್ಗೆಯೇ ತಲೆ ಬಾಚಿಕೊಂಡು ಸಿದ್ಧರಾಗುತ್ತಾರೆ. ನಿಮ್ಮ ಮುಖ ಯಾರಿಗೂ ಕಾಣುವುದಿಲ್ಲ ಎಂದರೆ, "ದನಿಗೆ ಗೊತ್ತಾಗುತ್ತೆ ಕಣೇ," ಅನ್ನುತ್ತಾರೆ.

ಹೊಲಿಗೆಯ ದಾರ ಮಾಡುವ ಕಂಪನಿಯೊಂದು ನಮ್ಮ ವಿಡಿಯೊಗಳು ಬೇಕೆಂದು ಒಪ್ಪಂದ ಕಳಿಸಿತು. ಇಂಗ್ಲಿಷಿನಲ್ಲಿತ್ತು. ನಾನು ಫೋನಿಗೆ ಹೇಳಿ ಅದನ್ನು ಕನ್ನಡ ಮಾಡಿಸಿಕೊಂಡು ಅತ್ತೆಗೆ ಜೋರಾಗಿ ಓದಿ ಹೇಳಿದೆ. ಮೊದಲನೇ ಪಕ್ಷ, ಎರಡನೇ ಪಕ್ಷ ಅಂತ ಶುರುವಾಗುತ್ತಲೇ ಅವರು ತಡೆದರು.

"ಇದೇನು ಒಪ್ಪಂದನೋ ಚುನಾವಣೆನೋ?"

"ಎರಡನೇ ಪಕ್ಷ ಅಂದ್ರೆ ನಾನು, ಅತ್ತೆ."

"ಹಾಗಾದ್ರೆ ಸೋಲೋ ಪಕ್ಷ ಬಿಡು."

ನಗುನಗುತ್ತಲೇ ಮುಂದೆ ಓದಿದೆ. 'ಎರಡನೇ ಪಕ್ಷವು ಹೊಲಿಗೆಯ ವಿಡಿಯೊಗಳ ಅನನ್ಯ ಹಕ್ಕನ್ನು ಮೊದಲನೇ ಪಕ್ಷಕ್ಕೆ ನೀಡತಕ್ಕದ್ದು.' ನಮ್ಮಂಥ ವಿಡಿಯೊ ಇನ್ನೊಂದಿಲ್ಲ ಅಂತ ಎಷ್ಟು ಚೆನ್ನಾಗಿ ಬರೆದಿದ್ದಾರೆ ಎಂದುಕೊಂಡೆ.

ಮರುದಿನ ಮಧ್ಯಾಹ್ನ ಪಕ್ಕದ ಬೀದಿಯ ವಕೀಲೆ ತಮ್ಮ ಕಪ್ಪು ಕೋಟು ತಂದರು. ಒಳಗಿನ ಲೈನಿಂಗ್ ಕಿತ್ತುಕೊಂಡು ಜೋತಾಡುತ್ತಿತ್ತು. ಕೋಟು ಇಸಿದುಕೊಂಡು ಸುಮ್ಮನಿರುವ ಜಾಯಮಾನ ನನ್ನದಲ್ಲ. ಜಂಬ ಕೊಚ್ಚಿಕೊಂಡೆ. ಫೋನನ್ನು ಅವರ ಮುಖದ ಮುಂದೆ ಹಿಡಿದು, "ನೋಡಿ ಮೇಡಂ, ಎಷ್ಟು ಸಲ ಅನನ್ಯ ಅಂದಿದ್ದಾರೆ!" ಎಂದೆ.

ಅವರು ಓದಿದರು. ಕುರ್ಚಿ ಎಳೆದುಕೊಂಡು ಕೂತು ಮೊದಲಿನಿಂದ ಮತ್ತೆ ಓದಿದರು.

"ಇದು ಹೊಗಳಿಕೆ ಅಲ್ಲ ರೀ. ಇಂಗ್ಲಿಷಲ್ಲಿ 'ಎಕ್ಸ್‌ಕ್ಲೂಸಿವ್' ಅಂತಿರೋದನ್ನ ಫೋನು ಹೀಗೆ ಮಾಡಿದೆ. ಅನನ್ಯ ಹಕ್ಕು ಅಂದ್ರೆ ಅವರಿಗೆ ಮಾತ್ರ, ಬೇರೆ ಯಾರಿಗೂ ಇಲ್ಲ ಅಂತ."

"ಬೇರೆಯವರಿಗೆ ಇಲ್ದಿದ್ರೆ ಒಳ್ಳೇದೇ ಅಲ್ವಾ?"

"ಬೇರೆಯವರಲ್ಲಿ ನೀವೂ ಸೇರಿದ್ರಿ. ಐದು ವರ್ಷ ನಿಮ್ಮ ಹೊಲಿಗೆ ವಿಡಿಯೊನ ನಿಮ್ಮ ಚಾನೆಲ್‌ನಲ್ಲೇ ಹಾಕೋ ಹಾಗಿಲ್ಲ. ಇಲ್ಲಿ ನೋಡಿ, 'ಧ್ವನಿಯನ್ನು ಬದಲಿಸುವ ಅಥವಾ ತೆಗೆದುಹಾಕುವ ಅಧಿಕಾರ'. ಅಮ್ಮನ ದನಿ ತೆಗೆದು ಅಲ್ಲಿ ಸಂಗೀತ ತುಂಬಿದ್ರೂ ನೀವು ಕೇಳೋ ಹಾಗಿಲ್ಲ."

ಅತ್ತೆ ಮಂಚದ ಮೇಲೆ ಕೂತು ಎಲ್ಲ ಕೇಳಿಸಿಕೊಂಡರು. ಬೈದಿದ್ದರೆ ಎಷ್ಟೋ ವಾಸಿಯಿತ್ತು. ಕಣ್ಣು ಮಂಜಾದ ಮೇಲೆ ಅವರಿಗೆ ಉಳಿದಿದ್ದ ಕೆಲಸ ಈ ಗೊಣಗುವುದೊಂದೇ, ಅದನ್ನು ನಾನು ಕನ್ನಡದಲ್ಲಿ ಓದಿ, ಅವರಿಗೂ ಓದಿ ಹೇಳಿ, ಸಂತೋಷವಾಗಿ ಬರೆದುಕೊಟ್ಟಿದ್ದೆ. ಗಂಡನಿಗೆ ಫೋನು ಮಾಡಿದರೆ, "ಓದದೇ ಯಾರಾದ್ರೂ ಸಹಿ ಹಾಕ್ತಾರಾ?" ಎಂದ. ಓದಿಯೇ ಹಾಕಿದ್ದೆ ಎಂದು ಹೇಳಲು ನಾಚಿಕೆಯಾಗಿ ಫೋನು ಇಟ್ಟು ಕಣ್ಣೊರೆಸಿಕೊಂಡೆ.

"ಅಳಬೇಡಿ," ಎಂದರು ವಕೀಲೆ. "ಅವರು ಸಹಿ ಹಾಕಿ ವಾಪಸ್ ಕಳ್ಸಿದ್ರಾ?"

"ಇಲ್ಲ. ನಿನ್ನೆ ತಾನೇ ನಾನು ಕಳ್ಸಿದ್ದು."

"ಕೊನೆ ಪುಟ ಓದಿ. ಇಬ್ಬರೂ ಸಹಿ ಹಾಕಿದ ದಿನದಿಂದ ಜಾರಿ ಅಂತಿದೆ. ಅಲ್ಲಿವರೆಗೂ ನಿಮ್ಮದು ಬರೀ ಒಂದು ಕೈ ಚಪ್ಪಾಳೆ. ಈಗಲೇ ಬರೀರಿ, ಅವರು ಹಾಕೋಕೆ ಮುಂಚೆ."

ಅವರು ಹೇಳಿದಂತೆ ಬರೆದೆ. ಒಪ್ಪಂದ ಇನ್ನೂ ಜಾರಿಯಾಗಿಲ್ಲ, ನನ್ನ ಸಹಿಯನ್ನು ಹಿಂದಕ್ಕೆ ಪಡೆಯುತ್ತಿದ್ದೇನೆ. 'ದಯವಿಟ್ಟು ಕ್ಷಮಿಸಿ, ತಪ್ಪು ತಿಳಿಯಬೇಡಿ' ಎಂದು ಸೇರಿಸಿದ್ದನ್ನು ಅವರು ಅಳಿಸಿಹಾಕಿದರು. ಕಳಿಸಿದ ಮೇಲೆ ನನಗೆ ಕೂತಲ್ಲಿ ಕೂರಲಾಗಲಿಲ್ಲ. ಕೋಟಿನ ಲೈನಿಂಗ್ ಹೊಲಿಯತೊಡಗಿದೆ. ಹೊಲಿಗೆ ಸೊಟ್ಟ ಹೋಗುತ್ತಿರುವುದು ನನಗೇ ಕಾಣುತ್ತಿತ್ತು. ಆಗಲೂ ಅತ್ತೆ ತಪ್ಪು ಹಿಡಿಯಲಿಲ್ಲ.

ಸಂಜೆ ಬೆಳಕು ಇರುವಾಗಲೇ ಕಂಪನಿಯಿಂದ ಒಬ್ಬ ಹುಡುಗಿ ಫೋನು ಮಾಡಿದಳು. ಉತ್ಸಾಹದ ದನಿ.

"ನಮ್ಮ ಸಾಹೇಬ್ರು ಪ್ರವಾಸದಲ್ಲಿದ್ದಾರೆ ಮೇಡಂ, ಸಹಿ ಆಗಿಲ್ಲ. ನಿಮ್ಮ ಮೇಲ್ ಬಂತು. ಅನನ್ಯ ಬೇಡ ಅಂದ್ರೆ ತೆಗೆದುಬಿಡೋಣ, ದನಿ ಸಾಲೂ ತೆಗೀಬಹುದು. ಎಲ್ಲರಿಗೂ ಒಂದೇ ಪ್ರತಿ ಕಳಿಸ್ತೀವಿ, ಯಾರೂ ಕೇಳೋದೇ ಇಲ್ಲ!"

ಕೇಳಿದ್ದರೆ ಸಿಗುತ್ತಿತ್ತಂತೆ! ಹೋದ ಜೀವ ಬಂದ ಹಾಗಾಯಿತು, ಜೊತೆಗೇ ಮೈಯೆಲ್ಲ ಉರಿದೂ ಹೋಯಿತು. ಅತ್ತೆಯ ಮಂಚದ ತುದಿಯಲ್ಲಿ ಕೂತು ಎಲ್ಲ ಹೇಳಿದೆ. ಅವರು ನನ್ನ ಕೈ ಹುಡುಕಿ ಹಿಡಿದುಕೊಂಡರು. ಅವರ ಅಂಗೈ ಬೆವತಿತ್ತು. ನನಗಿಂತ ಹೆಚ್ಚು ಹೆದರಿದ್ದರು ಎಂದು ನನಗೆ ಆಗ ತಿಳಿಯಿತು.

ಹೊಸ ಒಪ್ಪಂದದ ಪ್ರತಿ ಬಂದ ದಿನ ವಕೀಲೆ ಮತ್ತೆ ಬಂದರು. ಈ ಸಲ ಪ್ರತಿ ಸಾಲನ್ನೂ ಓದಿ ಬಿಡಿಸಿ ಹೇಳಿದರು. ನಾನು ಅರ್ಥವಾಗದ ಕಡೆಯಲ್ಲೆಲ್ಲ ನಾಚಿಕೆ ಬಿಟ್ಟು ಕೇಳಿದೆ. ಹಕ್ಕು ನಮ್ಮಲ್ಲೇ ಉಳಿಯುತ್ತದೆ, ಕಂಪನಿಯವರು ಒಂದು ವರ್ಷ ಬಳಸಬಹುದು, ಅತ್ತೆಯ ಬೈಗುಳಕ್ಕೆ ಯಾರೂ ಕೈ ಹಾಕುವಂತಿಲ್ಲ.

"ಇನ್ನೊಂದು ವಿಷಯ," ಎಂದರು ವಕೀಲೆ. "ದನಿ ಅಮ್ಮಂದು. ಅವರ ದನಿ ಬಳಸೋಕೆ ಒಪ್ಪಿಗೆ ಅವರೇ ಕೊಡಬೇಕು, ಸೊಸೆ ಕೊಟ್ರೆ ಆಗಲ್ಲ. ಅವರನ್ನೂ ಸೇರಿಸ್ತಾ ಇದ್ದೀನಿ."

ಅತ್ತೆ ನೆಟ್ಟಗೆ ಕೂತರು. ವಕೀಲೆ ಅವರ ವಯಸ್ಸು ಕೇಳಿದರು, ವಿಳಾಸ ಬರೆದುಕೊಂಡರು.

"ಅಮ್ಮಾ, ಉದ್ಯೋಗ ಏನಂತ ಬರೀಲಿ? ಮನೇಲೇ ಇರ್ತಾರೆ ಅಂತಲಾ?"

ನಾನು ಹೂಂ ಎನ್ನಲು ಬಾಯಿ ತೆರೆದಿದ್ದೆ. ಅತ್ತೆ ಕೈ ಎತ್ತಿ ತಡೆದರು.

"ಹೊಲಿಗೆ ಕಲಿಸ್ತೀನಿ ಅಂತ ಬರೀರಿ," ಎಂದರು. ನನ್ನ ಕಡೆಗೆ ಮುಖ ತಿರುಗಿಸಿ, "ಇವಳಿಗೆ ಇನ್ನೂ ಬಂದಿಲ್ಲ," ಎಂದೂ ಸೇರಿಸಿದರು.