ಕೀಳದೆ ಬಿಟ್ಟ ಕಾಯಿ

ಫೋನಿನ ಗಾಜಿನ ಮೇಲೆ ಬೆರಳಿನ ಜಿಡ್ಡು, ಅದರಡಿ ನಿಲ್ಲಿಸಿದ ಹಳೆಯ ಸಿನಿಮಾದ ಬೂದುಬಣ್ಣದ ಕಾಫಿ ಗಿಡ, ಗಿಡದ ಮುಂದೆ ತಲೆವಸ್ತ್ರ ಮುಂದಕ್ಕೆಳೆದ ಹುಡುಗಿ, ಕಾಣುವುದು ಗದ್ದ, ಚಾಚಿದ ಕೈ, ಕೈಯಾಚೆ ಎಲೆಯಡಿ ಒಂಟಿ ಕಾಯಿ — ಅಜ್ಜಿ, ಸರಿಯಾಗಿ ನೋಡ್ ಹೇಳು, ಇದು ನೀನೇನಾ, ಮೊಮ್ಮಗಳು ಸೌಜನ್ಯ ಕೇಳಿದ್ದು ಮೂರನೆಯ ಸಲ, ನಾನೇ ಕಣೇ ಎಂದು ಸರ್ವಮಂಗಳ ಹೇಳಿದ್ದೂ ಮೂರನೆಯ ಸಲ, ಆದರೆ ಹಳೆಯ ಸಿನಿಮಾಗಳ ಪಟ್ಟಿ ಹಿಡಿದು ಎದುರು ಕುಳಿತ ರೇಣುಕಪ್ರಸಾದ್ ಪೆನ್ನಿನ ಮುಚ್ಚಳವನ್ನೇ ತೆಗೆಯಲಿಲ್ಲ, ಪಟ್ಟಿಯಲ್ಲಿ ನಾಯಕಿಯ ತಂಗಿ ಪಾತ್ರಕ್ಕೆ ಉಷಾರಾಣಿ ಅಂತಿದೆಯಲ್ಲ ಅಜ್ಜಿ, ನಾಡಿದ್ದು ಈ ಚಿತ್ರದ ಪ್ರದರ್ಶನ, ಇವತ್ತು ತಿದ್ದದಿದ್ರೆ ಹಾಗೇ ಉಳಿದುಬಿಡುತ್ತೆ, ಒಂದು ಫೋಟೋ, ಒಂದು ಕಾಗದ, ಸಾಕ್ಷಿಗೆ ಏನಿದೆ — ಏನೂ ಇಲ್ಲ ಎಂದಳು ಸರ್ವಮಂಗಳ, ಉಷಾರಾಣಿ ಮೈಸೂರಿನವಳು, ಕೊಡ್ಲಿಪೇಟೆಯ ದಾರಿಯ ತಿರುವಿಗೆ ವಾಂತಿಯಾಗಿ ಹಾಸಿಗೆ ಹಿಡಿದಳು, ಪಾಪ, ಅವಳ ಬದಲಿಗೆ ನಿಂತ ಸರ್ವಮಂಗಳಗೆ ಅವಳ ರವಿಕೆಯನ್ನೇ ತೊಡಿಸಿದ್ದು, ಕಂಕುಳಲ್ಲಿ ಬಿಗಿಯುತ್ತಿತ್ತು, ನೆನೆದರೆ ಈಗಲೂ ಬಿಗಿಯುತ್ತದೆ, ಬೇಲಿ ದಾಟುವ ತಡಮೆಯಲ್ಲಿ ಅಪ್ಪ ಗಂಗಣ್ಣ ಅಡ್ಡ ನಿಂತು ನಿರ್ದೇಶಕರಿಗೆ ಅಂದಿದ್ದ, ಹಣ್ಣು ಕುಯ್ಲಿ ಸ್ವಾಮಿ, ಹೆಸ್ರು ಮಾತ್ರ ಹಾಕ್ಬ್ಯಾಡಿ, ಮುಖಾನೂ ಅಷ್ಟಾಗಿ ಕಾಣದ್ ಬ್ಯಾಡ, ನಾಳೆ ಇವ್ಳಿಗೆ ಗಂಡು ಬರದ್ ಬ್ಯಾಡ್ವಾ — ಗಂಡು ಬಂದ, ಐವತ್ತು ವರ್ಷ ಬಾಳಿ ಹೋದ, ಪೇಟೆಯ ಟೆಂಟಿಗೆ ಈ ಸಿನಿಮಾ ಬಂದಾಗ ಪಕ್ಕದಲ್ಲೇ ಕೂತು, ಪರದೆಯ ಹುಡುಗಿಯನ್ನು ತೋರಿಸಿ, ಪಟ್ಣದೋಳಾದ್ರೂ ಏನ್ ಕುಯ್ತಾಳೆ ನೋಡೇ, ನಿನಗಿಂತ ವಾಸಿ ಎಂದ, ಹೂಂ ಎಂದಳು, ಅಷ್ಟೇ.

ಅಂದು ನಿರ್ದೇಶಕರಿಗೂ ಹೂಂ ಎಂದಿದ್ದಳಲ್ಲ — ಏನಮ್ಮ, ಹೆಕ್ತಾ ಕೂತ್ರೆ ಬಿಸಿಲು ಹೋಗುತ್ತೆ, ಎಲ್ಲಾ ಸವರು, ಕಪ್ಪುಬಿಳುಪಿನಲ್ಲಿ ಕಾಯಿ ಯಾವ್ದು ಹಣ್ಣು ಯಾವ್ದು ಯಾರಿಗ್ ಗೊತ್ತಾಗುತ್ತೆ — ಬಾಯಿ ಹೂಂ ಎಂದಿತು, ಕೈ ಕೇಳಲಿಲ್ಲ, ಸಂಜೆ ಬುಟ್ಟಿ ಸುರಿದು ಒಂದೊಂದು ಹಸಿಕಾಯಿಗೂ ಬೈದು ಬೆಳೆಸಿದ ಅಪ್ಪ ತಡಮೆಯಲ್ಲೇ ನಿಂತಿದ್ದಾನೆ, ನಾಲ್ಕು ಸಲ ತೆಗೆದರು, ನಾಲ್ಕು ಸಲವೂ ಕೈ ಎಲೆಯಡಿಗೆ ಹೋಗಿ ಆ ಕಾಯಿಯ ಹತ್ತಿರ ನಿಂತಿತು, ಹಾಳಾಗ್ಹೋಗ್ಲಿ, ಇದೇ ಇರ್ಲಿ ಎಂದರು ನಿರ್ದೇಶಕರು — ಸರ್ವಮಂಗಳ ಫೋನಿನತ್ತ ಬಾಗಿದಳು, ಸೌಜು, ಈ ಚಿತ್ರ ಓಡುತ್ತೇನೇ, ಓಡುತ್ತಜ್ಜಿ, ತಡಿ, ಓಡಿಸ್ಬ್ಯಾಡ ಎಂದು ರೇಣುಕಪ್ರಸಾದನತ್ತ ತಿರುಗಿ ಗಾಜಿನ ಮೇಲೆ ಬೆರಳಿಟ್ಟಳು, ನೋಡಪ್ಪ, ಇದು ಕೀಳ್ತೀನಿ, ಇದು, ಇದು, ಎಲೆ ಎತ್ತಿ ಈ ಅಡಿಯದ್ ಬಿಡ್ತೀನಿ, ಈಗ ಓಡ್ಸು — ಬೂದುಬಣ್ಣದ ಕೈ ಕಿತ್ತಿತು, ಕಿತ್ತಿತು, ಕಿತ್ತಿತು, ಎಲೆ ಎತ್ತಿತು, ನಿಂತಿತು, ಅದೆಂಗಜ್ಜಿ ಇಷ್ಟು ವರ್ಷ ನೆನಪಿಟ್ಟಿರಿ ಎಂದ ರೇಣುಕಪ್ರಸಾದ್, ನೆನಪೆಂತದಪ್ಪ, ಅದಿನ್ನೂ ಕಾಯಿ, ಕಾಣಲ್ವಾ ನಿಂಗೆ — ಪೆನ್ನಿನ ಮುಚ್ಚಳ ಬಿಚ್ಚಿದ ಟಕ್ ಸದ್ದು, ಪೂರ್ತಿ ಹೆಸರು ಹೇಳಿ ಅಜ್ಜಿ, ಅಪ್ಪ ಈಗಲೂ ಆ ತಡಮೆಯಿಂದ ನೋಡುತ್ತಿದ್ದಾನೆ, ನೋಡಲಿ, ಗಂಗಣ್ಣನ ಮಗಳು ಸರ್ವಮಂಗಳ, ಬರ್ಕೋ, ಎಂದಳು, ಸೌಜನ್ಯ ಬೆರಳೊತ್ತಿ ಚಿತ್ರ ನಿಲ್ಲಿಸಿದಳು, ಬೂದುಬಣ್ಣದ ಗಿಡ, ಬೂದುಬಣ್ಣದ ಕೈ, ಎಲೆಯಡಿ ಆ ಒಂದು ಕಾಯಿ, ಹಸಿರು.